ಆಕ್ಷನ್ ಅನ್ನುವ ಮೊದಲು

೯ ಫೆಬ್ರವರಿ

ಅಕ್ಕಾ,

ಶೂಟಿಂಗ್ ಮುಗಿಸಿ ಮೊನ್ನೆ ಮನೆ ಸೇರಿದೆ. ಫೋನಿನಲ್ಲಿ ಎರಡೇ ಮಾತಾಡಿ ಇಟ್ಟೆನೆಂದು ಬೇಜಾರು ಮಾಡಿಕೊಳ್ಳಬೇಡ. ಸೊಂಟ ಮುರಿದ ಮೇಲೆ ಅಮ್ಮನ ಕಾಲು ಮೂಲೆ ಸೇರಿತೇ ಹೊರತು ಕಿವಿಯಲ್ಲ. ನಾನು ಫೋನ್ ಎತ್ತಿದರೆ ಸಾಕು, “ಸ್ಪೀಕರ್ ಹಾಕೇ, ಅವಳು ನನಗೂ ಮಗಳೇ” ಅನ್ನುತ್ತಾಳೆ. ಅದಕ್ಕೇ ಈ ಕಾಗದ. ನೀನೂ ಬರೆ. ಅವಳ ಕನ್ನಡಕ ನನ್ನ ಹತ್ತಿರವೇ ಇರುತ್ತದೆ.

ನಾನಿಲ್ಲದಾಗ ಅವಳನ್ನು ನೋಡಿಕೊಳ್ಳಲು ಒಪ್ಪಿದ್ದ ಪಕ್ಕದ ಮನೆಯ ಟೈಲರಮ್ಮ, ನಾನು ಚಪ್ಪಲಿ ಬಿಡುವ ಮೊದಲೇ ತನ್ನ ಚಪ್ಪಲಿ ಮೆಟ್ಟಿಕೊಂಡಳು. “ನಿಮ್ಮಮ್ಮ ಬಂಗಾರ ಕಣೇ. ಆದ್ರೆ ಬಂಗಾರ ಅಂತ ದಿನವಿಡೀ ತಲೆ ಮೇಲೆ ಹೊತ್ಕೊಳಕ್ಕಾಗುತ್ತಾ?” ಅಂದಳು. ಇನ್ನೊಂದು ಸಲ ಕೇಳಿದರೆ ಬರುವುದಿಲ್ಲ, ಅದು ಮುಖದಲ್ಲೇ ಗೊತ್ತಾಯಿತು.

ಈಗ ಮುಖ್ಯ ವಿಷಯ. ಮೆಟ್ಟಿಲಿನ ಮಾತು ಹೇಳಿದೆ ಅಕ್ಕಾ! ಸಿನಿಮಾದ ಕಥೆ ನಿನಗೆ ಗೊತ್ತೇ ಇದೆ. ನಾನು ಬಾಡಿಗೆ ಕೋಣೆಗಳ ಮನೆಯೊಡತಿ. ಮೇಲಿನ ಕೋಣೆಯ ಹುಡುಗ ಒಂದು ದಿನ ಹೇಳದೆ ಕೇಳದೆ ಹೊರಟುಹೋಗುತ್ತಾನೆ, ಅವನನ್ನು ಹುಡುಕಿಕೊಂಡು ಅವನ ಅಣ್ಣ ಬರುತ್ತಾನೆ. ಕೊನೆಯಲ್ಲಿ ಮೆಟ್ಟಿಲ ಮೇಲೆ ಕೂತು ಆ ಅಣ್ಣನಿಗೆ ನಾನು ಎಲ್ಲವನ್ನೂ ಹೇಳಬೇಕು. ಎರಡು ಪುಟದ ಮಾತು. ಪಾತ್ರೆ ತೊಳೆಯುತ್ತಾ, ಅಮ್ಮನ ಬೆನ್ನು ಒರೆಸುತ್ತಾ ಬಾಯಿಪಾಠ ಮಾಡಿದ್ದು. ಅಮ್ಮನಿಗೂ ಅದು ಬಾಯಿಗೆ ಬಂದುಬಿಟ್ಟಿದೆ, ನಾನು ತಪ್ಪಿದರೆ ಹಾಸಿಗೆಯಿಂದಲೇ ತಿದ್ದುತ್ತಾಳೆ. ಅಲ್ಲಿ ಒಂದೇ ಉಸಿರಿಗೆ ಹೇಳಿದೆ. ದೀಪ ಹಿಡಿಯುವವರೆಲ್ಲ ಚಪ್ಪಾಳೆ ತಟ್ಟಿದರು. ನಿರ್ದೇಶಕ ಕಣ್ಣು ಒರೆಸಿಕೊಂಡ.

ಇಷ್ಟು ವರ್ಷ ನಾಟಕದಲ್ಲಿ ರಾಜನ ತಾಯಿ, ರಾಜನ ಅತ್ತೆ, ರಾಜನ ದಾಸಿ ಎಲ್ಲ ಆಗಿದ್ದೇನೆ. ಸತ್ತ ಮೇಲೆ ಒಂದು ಗುರುತೂ ಉಳಿಯುವುದಿಲ್ಲ ಅನ್ನುವ ಕೊರಗಿತ್ತು. ಇದು ಉಳಿಯುತ್ತದೆ. ಈ ಸಿನಿಮಾದ ಎಡಿಟರ್ ನೀನೇ ಎಂದು ಗೊತ್ತಾದಾಗ ನಾವಿಬ್ಬರೂ ಮಾಡಿಕೊಂಡ ಮಾತು ನೆನಪಿದೆ ತಾನೇ? ನಾನು ನಿನ್ನ ತಂಗಿ ಎಂದು ಅಲ್ಲಿ ಯಾರಿಗೂ ಹೇಳಕೂಡದು. ಶಿಫಾರಸಿನವಳು ಅನ್ನಿಸಿಕೊಳ್ಳಲು ನನಗೆ ಇಷ್ಟವಿಲ್ಲ. ನನಗಾಗಿ ಏನೂ ಮಾಡಬೇಡ. ಆದರೆ ಮೆಟ್ಟಿಲು ಮಾತ್ರ ಸ್ವಲ್ಪ ನೋಡಿಕೋ.

ನಿನ್ನ
ಗುಬ್ಬಿ

೨೪ ಫೆಬ್ರವರಿ

ಗುಬ್ಬೀ,

ನಿನ್ನ ಕಾಗದ ಬಂದು ವಾರವಾಯಿತು. ಉತ್ತರ ತಡವಾಯಿತು, ಕೈ ಮೇಲೆತ್ತಲು ಆಗುತ್ತಿಲ್ಲ. ಬಲಭುಜ ಕಲ್ಲಾಗಿದೆ. ಡಾಕ್ಟರು “ಏನು ಕೆಲಸ ಮಾಡ್ತೀರಿ?” ಎಂದು ಕೇಳಿದರು. “ಕೂತಿರ್ತೀನಿ” ಅಂದೆ. ಅವರಿಗೆ ನಗು ಬಂತು.

ನಾನು ಕೆಲಸ ಮಾಡುವ ಕೋಣೆ ನೀನು ನೋಡಿಲ್ಲ. ಹಳೇ ಕಟ್ಟಡದ ಮೂರನೇ ಮಹಡಿ. ಕೆಳಗೆ ಹಲ್ಲಿನ ಡಾಕ್ಟರು, ಮೇಲೆ ಟೈಪಿಂಗ್ ಶಾಲೆ ಇತ್ತಂತೆ, ಈಗ ಪಾರಿವಾಳಗಳಿವೆ. ಒಂದು ಕಿಟಕಿ ಇದೆ, ಬೆಳಕು ಬೀಳುತ್ತದೆಂದು ಅದಕ್ಕೆ ಕಪ್ಪು ಬಟ್ಟೆ ಹೊಡೆದಿದ್ದೇನೆ. ಕೀಬೋರ್ಡಿನ ಅಕ್ಷರಗಳು ಅಳಿಸಿಹೋಗಿವೆ. ನಾನು ಕೆಲಸ ಕಲಿತಾಗ ರೀಲನ್ನು ಕೈಯಲ್ಲಿ ಹಿಡಿದು ಕತ್ತರಿಸಿ ಅಂಟಿಸುತ್ತಿದ್ದೆವು. ಆಗ ಒಂದು ತುಂಡು ಕತ್ತರಿಸುವ ಮೊದಲು ಹತ್ತು ಸಲ ಯೋಚಿಸುತ್ತಿದ್ದೆ. ಈಗ ಯೋಚಿಸುವ ಮೊದಲೇ ಹತ್ತು ಸಲ ಕತ್ತರಿಸಿರುತ್ತೇನೆ. ಆಯಾಸ ಮಾತ್ರ ಅಂದಿಗಿಂತ ಹೆಚ್ಚು.

ಶೂಟಿಂಗಿಗೆ ಯಾಕೆ ಬರಲಿಲ್ಲ ಎಂದು ನೀನು ಕೇಳಿಲ್ಲ, ಆದರೂ ಹೇಳುತ್ತೇನೆ. ನಾನು ಯಾರ ಶೂಟಿಂಗಿಗೂ ಹೋಗುವುದಿಲ್ಲ. ಆ ಮೆಟ್ಟಿಲು ಎಷ್ಟು ತಣ್ಣಗಿತ್ತು, ನೀನು ಎಷ್ಟು ಹೊತ್ತು ಕೂತಿದ್ದೆ ಎಂದು ಕಣ್ಣಾರೆ ನೋಡಿದರೆ, ‘ಅಯ್ಯೋ ಇಷ್ಟು ಕಷ್ಟಪಟ್ಟಿದ್ದಾರೆ’ ಎಂದು ಆ ತುಂಡನ್ನು ಇಟ್ಟುಬಿಡುತ್ತೇನೆ. ನೋಡುವವರಿಗೆ ನಿನ್ನ ಚಳಿ ಕಾಣುವುದಿಲ್ಲ. ಅವರಿಗೆ ಕಾಣುವುದನ್ನಷ್ಟೇ ನಾನೂ ನೋಡಬೇಕು.

ತುಂಡುಗಳೆಲ್ಲ ಬಂದಿವೆ. ಈ ಸಿನಿಮಾದ ಕ್ಯಾಮರಾದವನಿಗೆ ಒಂದು ಚಾಳಿ, ದೀಪ ಸರಿಮಾಡುವಾಗಲೂ ಕ್ಯಾಮರಾ ನಿಲ್ಲಿಸುವುದಿಲ್ಲ. ಆಕ್ಷನ್ ಅನ್ನುವ ಮೊದಲಿನ ಆ ಭಾಗವನ್ನು ಬೇರೆಯವರು ನೋಡದೆಯೇ ಎಸೆಯುತ್ತಾರೆ. ನಾನು ಎಲ್ಲವನ್ನೂ ನೋಡುತ್ತೇನೆ. ಯಾರೋ ನಿನ್ನ ಹಣೆಗೆ ಪೌಡರ್ ಒತ್ತುತ್ತಾರೆ, ನೀನು ಥ್ಯಾಂಕ್ಸ್ ಅನ್ನುತ್ತೀಯೆ, ಆಮೇಲೆ ಯಾರೂ ಇಲ್ಲದಾಗ ಸುಮ್ಮನೆ ಕೂತಿರುತ್ತೀಯೆ.

ಗುಬ್ಬೀ, ನೀನು ಸರಿಯಾಗಿ ನಿದ್ದೆ ಮಾಡುತ್ತಿದ್ದೀಯಾ?

ಮೆಟ್ಟಿಲಿನ ಮಾತಿಗೆ ಇನ್ನೂ ಕೈ ಹಾಕಿಲ್ಲ.

ಅಕ್ಕ

೧೧ ಮಾರ್ಚ್

ಅಕ್ಕಾ,

ನಿದ್ದೆಯ ಕಥೆ ಬಿಡು. ಮೆಟ್ಟಿಲು ಎಲ್ಲಿಗೆ ಬಂತು?

ಇಲ್ಲಿ ನಾವು ಚೆನ್ನಾಗಿದ್ದೇವೆ. ಅಮ್ಮ ಯಾರೇ ಬಂದರೂ ಒಂದೇ ಮಾತು ಹೇಳುತ್ತಾಳೆ: “ದೊಡ್ಡವಳು ಸಿನಿಮಾ ಕತ್ತರಿಸ್ತಾಳೆ, ಚಿಕ್ಕವಳು ತರಕಾರಿ ಕತ್ತರಿಸ್ತಾಳೆ, ನಾನು ಇಬ್ಬರ ತಲೆ ಕತ್ತರಿಸ್ತೀನಿ.” ಬಂದವರು ನಗುತ್ತಾರೆ, ಅವಳು ಇನ್ನೊಂದು ಸಲ ಹೇಳುತ್ತಾಳೆ. ಅವರು ಹೋದ ಮೇಲೆ ದಿಂಬು ಎತ್ತರ, ದಿಂಬು ತಗ್ಗು, ಕಿಟಕಿ ತೆಗಿ, ಕಿಟಕಿ ಹಾಕು. ಅಡುಗೆಮನೆಯಿಂದ ಅವಳ ಮಂಚಕ್ಕೆ ನಡೆದ ದಾರಿಯನ್ನು ನೇರ ಹಾಕಿದ್ದರೆ ಈ ಹೊತ್ತಿಗೆ ನಿನ್ನ ಊರಿಗೆ ಬಂದಿರುತ್ತಿದ್ದೆ. ಪಾಪ, ಅವಳಾದರೂ ಏನು ಮಾಡುತ್ತಾಳೆ! ಇಡೀ ಬೀದಿ ಕಾಲಡಿ ಇಟ್ಟುಕೊಂಡು ಓಡಾಡಿದವಳು.

ನಾಟಕದ ತಂಡದವರು ಹೊಸದಕ್ಕೆ ಕರೆದಿದ್ದರು. ಆಗುವುದಿಲ್ಲ ಅಂದೆ. ಆದರೆ ಸಿನಿಮಾದ ವಿಷಯ ಹೇಳದೆ ಇರಲಾಗಲಿಲ್ಲ. ಮೆಟ್ಟಿಲಿನ ಮಾತನ್ನು ಅಲ್ಲೇ ನಿಂತು ಹೇಳಿ ತೋರಿಸಿದೆ. ನಮ್ಮ ತಂಡದ ಹಿರಿಯ, ಎಲ್ಲದಕ್ಕೂ ಮೂಗು ಮುರಿಯುವ ಗಡ್ಡದ ಮಾಮ, ಕುರ್ಚಿಯಿಂದ ಎದ್ದುನಿಂತ. ಬಿಡುಗಡೆಯಾದ ದಿನ ತಂಡವೆಲ್ಲ ಒಟ್ಟಿಗೆ ಬರುತ್ತಾರಂತೆ. ಟೈಲರಮ್ಮ, ಹಾಲಿನವನು, ಔಷಧಿ ಅಂಗಡಿಯವರು, ಬೀದಿಗೆ ಬೀದಿಯೇ ಬರುತ್ತದಂತೆ. ಹೇಳಬಾರದಿತ್ತು, ಗೊತ್ತು. ಬಾಯಿ ತಡೆಯಲಿಲ್ಲ.

ನಿನ್ನನ್ನು ಒಂದು ಮಾತು ಕೇಳಲೇ? ನಾನು ಹೇಗೆ ಮಾಡಿದ್ದೇನೆ? ಎಡಿಟರಮ್ಮನಾಗಿ ಹೇಳು.

ಗುಬ್ಬಿ

೩೦ ಮಾರ್ಚ್

ಗುಬ್ಬೀ,

ಎಡಿಟರಮ್ಮನಾಗಿ ಹೇಳು ಅಂದೆ. ಹೇಳುತ್ತೇನೆ. ಕೂತುಕೊಂಡು ಓದು.

ಮೆಟ್ಟಿಲಿನ ಮಾತು ಸಿನಿಮಾದಲ್ಲಿ ಉಳಿಯುವುದಿಲ್ಲ. ಯಾರೋ ಹೇಳಿದ್ದಕ್ಕೆ ತೆಗೆಯುತ್ತಿಲ್ಲ, ನಾನೇ ತೆಗೆಯುತ್ತಿದ್ದೇನೆ. ಆ ಮಾತು ನಿರ್ದೇಶಕನೇ ಬರೆದದ್ದು, ಹೆತ್ತವರಿಗೆ ಹೆಗ್ಗಣ ಮುದ್ದು, ಅವನು ಅದನ್ನು ಬಿಡಲು ಒಪ್ಪುತ್ತಲೇ ಇರಲಿಲ್ಲ. ಇದಕ್ಕಾಗಿ ನಮ್ಮಿಬ್ಬರಿಗೂ ದಿನಗಟ್ಟಲೆ ಜಗಳ. ನಿನ್ನೆ ಅವನು ಟೀ ಲೋಟ ಕುಕ್ಕಿ ಹೇಳಿದ: “ಆ ಯಮ್ಮ ಎಷ್ಟು ಕಷ್ಟಪಟ್ಟು ಮಾಡಿದ್ದಾರೆ ಮೇಡಂ! ನಿಮಗೆ ಒಂಚೂರೂ ಕರುಣೆ ಇಲ್ವಾ?” ನಿನ್ನ ಬಗ್ಗೆ, ನನಗೆ! ನಾನು ಪರದೆಯನ್ನೇ ನೋಡುತ್ತಾ ಕೂತೆ. ನಿನಗೆ ಕೊಟ್ಟ ಮಾತಿಲ್ಲದಿದ್ದರೆ ಅಲ್ಲಿಯೇ ಹೇಳಿಬಿಡುತ್ತಿದ್ದೆ.

ಯಾಕೆ ತೆಗೆಯುತ್ತೇನೆಂದರೆ, ಅಷ್ಟು ಹೊತ್ತು ಆ ಹೆಂಗಸನ್ನು ನೋಡಿ ನಂಬಿದವರು, ಅವಳು ಬಾಯಿ ತೆರೆದ ಕೂಡಲೇ ನಂಬುವುದನ್ನು ಬಿಡುತ್ತಾರೆ. ನಿನ್ನ ದನಿ ಕೊನೆಯ ಸಾಲಿನವರಿಗೆ ಕೇಳಬೇಕೆಂದು ಹೊರಟು ಬರುತ್ತದೆ. ನಿನ್ನ ಕೈ, ಹುಬ್ಬು, ಕತ್ತು ಎಲ್ಲವೂ ಮಾತಿಗಿಂತ ಒಂದು ಹೆಜ್ಜೆ ಮುಂದೆ ಓಡುತ್ತವೆ. ನಾಟಕದಲ್ಲಿ ಅದೇ ಚಂದ. ಇಲ್ಲಿ ಕ್ಯಾಮರಾ ನಿನ್ನ ಮಡಿಲಲ್ಲೇ ಕೂತಿದೆ ಗುಬ್ಬೀ, ಅದಕ್ಕೆ ಅಷ್ಟು ದೂರದಿಂದ ಕೂಗಿ ಹೇಳಬೇಕಾಗಿಲ್ಲ.

ಆ ಮಾತನ್ನು ನೀನು ಹೇಳಿದ ಎಲ್ಲ ಸಲದ ತುಂಡುಗಳನ್ನೂ ಜೋಡಿಸಿ ನೋಡಿದೆ. ದನಿ ತಗ್ಗಿಸಿದೆ. ನಿನ್ನ ಬದಲು ಆ ಅಣ್ಣನ ಮುಖ ತೋರಿಸಿ, ಅರ್ಧ ಮಾತನ್ನು ಅದರ ಮೇಲೆ ಕೇಳಿಸಿದೆ. ಅತ್ತ ದರಿ, ಇತ್ತ ಪುಲಿ. ಯಾವುದೂ ಕೂರಲಿಲ್ಲ.

ಎಡಿಟಿಂಗ್ ಇನ್ನೂ ಮುಗಿದಿಲ್ಲ. ಕೊನೆಗೆ ಎಡಿಟರ್ ಹೇಳಿದ್ದೇ ಆಗಲಿ ಎಂದು ನಿರ್ದೇಶಕ ಕೈಚೆಲ್ಲಿದ್ದಾನೆ. ಹಾಗಾಗಿ ಬೈಯುವುದಿದ್ದರೆ ನನ್ನನ್ನೇ ಬೈ.

ಅಕ್ಕ

೮ ಏಪ್ರಿಲ್

ಅಕ್ಕಾ,

ಬೈಯುತ್ತೇನೆ.

ಬೆಕ್ಕಿಗೆ ಚೆಲ್ಲಾಟ, ಇಲಿಗೆ ಪ್ರಾಣಸಂಕಟ. ನಿನಗೆ ಒಂದು ತುಂಡು, ಕೂತರೆ ಕೂತಿತು, ಇಲ್ಲದಿದ್ದರೆ ಇಲ್ಲ. ನೀನು ಕತ್ತರಿಸಿ ಕೈ ತೊಳೆದುಕೊಂಡು ಇನ್ನೊಂದು ಸಿನಿಮಾಕ್ಕೆ ಹೋಗುತ್ತೀಯೆ. ನಾನು ಈ ಬೀದಿಯಲ್ಲೇ ಓಡಾಡಬೇಕು. ಹಾಲಿನವನು ದಿನಾ ಕೇಳುತ್ತಾನೆ, “ಯಾವಾಗಮ್ಮಾ ನಿಮ್ಮ ಡೈಲಾಗು?” ಎಂದು.

ನಾಟಕದ ದನಿ ಅಂದೆ. ಹೌದು ಕಣೇ, ನಾಟಕದ ದನಿಯೇ. ಬೇರೆ ದನಿ ಎಲ್ಲಿಂದ ತರಲಿ? ಈ ಮನೆಯಲ್ಲಿ ದಿನವಿಡೀ ಅಮ್ಮನ ಮಾತು ನಾನು ಕೇಳುತ್ತೇನೆ. ಟೈಲರಮ್ಮನ ಗೋಳು ಕೇಳುತ್ತೇನೆ. ಹಬೆಯಾಡುವ ಬಿಸಿನೀರು ಹೊತ್ತುಕೊಂಡು, ಹೂಂ, ಹೂಂ, ಆಯ್ತಮ್ಮ, ಬಂದೆ ಅನ್ನುತ್ತೇನೆ. ಯಾರಾದರೂ ಒಂದೇ ಒಂದು ಸಲ, ಎರಡು ಪುಟದಷ್ಟು, ನಡುವೆ ಬಾಯಿ ಹಾಕದೆ ನನ್ನ ಮಾತು ಕೇಳಲಿ ಎಂದು ಆಸೆಯಿತ್ತು. ಅದು ನಾನು ಬರೆದ ಮಾತಲ್ಲದಿದ್ದರೂ ಸರಿಯೇ.

ನನಗಾಗಿ ಏನೂ ಮಾಡಬೇಡ ಎಂದು ಬರೆದಿದ್ದೆ. ಈಗ ಆ ಮಾತನ್ನು ಹಿಂದಕ್ಕೆ ತೆಗೆದುಕೊಳ್ಳುತ್ತೇನೆ. ಮಾಡು. ಇಟ್ಟುಬಿಡು. ಸಿನಿಮಾ ಸ್ವಲ್ಪ ಕೆಟ್ಟರೆ ಕೆಡಲಿ, ಎಷ್ಟು ಸಿನಿಮಾ ಕೆಟ್ಟಿಲ್ಲ! ಒಂದೇ ಒಂದು ಸಲ ಅಕ್ಕನಾಗು. ಎಡಿಟರ್ ಆಗಿ ಬೇಕಾದಷ್ಟು ದಿನ ಇದ್ದೀಯೆ.

ಗುಬ್ಬಿ

೨೦ ಏಪ್ರಿಲ್

ಗುಬ್ಬೀ,

ನಿನ್ನ ಕಾಗದ ಓದಿ ಮಾತನ್ನು ಮತ್ತೆ ಇಟ್ಟೆ. ಪೂರ್ತಿ, ಒಂದಕ್ಷರ ಬಿಡದೆ. ಕೋಣೆಯ ಬಾಗಿಲು ಹಾಕಿ ಮೊದಲಿನಿಂದ ಕೊನೆಯವರೆಗೆ ಸಿನಿಮಾ ನೋಡಿದೆ. ಮಾತು ಮುಗಿಯಿತು. ತೆಗೆದೆ.

ಇದಕ್ಕಿಂತ ಬೇರೆ ರೀತಿಯಲ್ಲಿ ಹೇಳಲು ನನಗೆ ಬರುವುದಿಲ್ಲ. ಸುಳ್ಳಾಗಿ ಕಾಣುವ ನಿನ್ನನ್ನು ಹಾಲ್ ತುಂಬ ಜನರಿಗೆ ತೋರಿಸಲು ಕೈ ಬರಲಿಲ್ಲ. ಅದು ಎಡಿಟರ್ ಕೈಯೋ, ಅಕ್ಕನ ಕೈಯೋ, ನನಗೇ ಗೊತ್ತಿಲ್ಲ.

ಅದರ ಜಾಗದಲ್ಲಿ ಏನಿದೆ ಎಂದು ಹೇಳುತ್ತೇನೆ. ಅಣ್ಣ ಕೇಳುತ್ತಾನೆ, “ಹೋಗೋ ಮುಂಚೆ ಅವನು ಏನಾದ್ರೂ ಹೇಳಿದ್ನಾ?” ಆಮೇಲೆ ನೀನು. ಆಕ್ಷನ್ ಅನ್ನುವ ಮೊದಲಿನ ನೀನು. ದೀಪ ಸರಿಮಾಡುತ್ತಿದ್ದಾರೆ, ನಿನಗೆ ಕ್ಯಾಮರಾ ಓಡುತ್ತಿರುವುದು ಗೊತ್ತಿಲ್ಲ. ಯಾರ ಹತ್ತಿರವೋ ಫೋನಿನಲ್ಲಿ ಮಾತಾಡಿ ಮುಗಿಸಿದ್ದೀಯೆ. ಫೋನನ್ನು ಪಕ್ಕಕ್ಕಿಡುತ್ತೀಯೆ. ಕೆಳಗಿನ ಮೆಟ್ಟಿಲನ್ನು ನೋಡುತ್ತೀಯೆ. ಏನೋ ಹೇಳಲು ಹೊರಟ ಹಾಗೆ ತುಟಿ ತೆರೆಯುತ್ತದೆ, ಮುಚ್ಚಿಕೊಳ್ಳುತ್ತದೆ. ಅಷ್ಟೇ. ಫೋನು ಕಾಣದ ಹಾಗೆ ಚೌಕಟ್ಟನ್ನು ಸ್ವಲ್ಪ ಕಿರಿದು ಮಾಡಿದ್ದೇನೆ. ಆ ಮುಖವನ್ನು ನಾನು ಪರದೆಯ ಮೇಲೆ ಸಾಕಷ್ಟು ಹೊತ್ತು ಬಿಟ್ಟಿದ್ದೇನೆ, ನನ್ನ ಕೆಲಸದಲ್ಲಿ ಇಷ್ಟು ಹೊತ್ತು ಯಾರ ಮುಖವನ್ನೂ ಬಿಟ್ಟದ್ದಿಲ್ಲ. ಅಲ್ಲಿಗೆ ಸಿನಿಮಾ ಮುಗಿಯುತ್ತದೆ.

ನಿರ್ದೇಶಕ ನೋಡಿದ. ಎದ್ದು ಹೊರಗೆ ಹೋಗಿ, ಬಂದು, “ನನ್ನ ಎರಡು ಪುಟ ಹರಿದು ಹಾಕಿ” ಅಂದ.

ನಾನು ಆ ಮುಖವನ್ನು ಮೊದಲ ಸಲ ನೋಡಿದ್ದು ಫೆಬ್ರವರಿಯಲ್ಲಿ. ನೋಡಿ ಎದ್ದು ಹೋಗಿ ಮುಖ ತೊಳೆದುಕೊಂಡು ಬಂದೆ. ಯಾರ ಫೋನ್ ಅದು, ಗುಬ್ಬೀ?

ಅಕ್ಕ

೧೭ ಜೂನ್

ಗುಬ್ಬೀ,

ನಿನ್ನಿಂದ ಕಾಗದವಿಲ್ಲ. ಫೋನ್ ಮಾಡಿದರೆ ಅಮ್ಮ ಎತ್ತುತ್ತಾಳೆ. “ಅವಳಿಗೆ ಕೋಪ, ನನಗೆ ಹಸಿವು. ಯಾವುದು ಬೇಗ ಇಳಿಯುತ್ತೋ ನೋಡೋಣ” ಅಂದಳು. ಹಿಂದೆ ನೀನು ಪಾತ್ರೆ ಕುಕ್ಕುವ ಸದ್ದು ಕೇಳಿಸಿತು. ಅದನ್ನೇ ಸ್ವಲ್ಪ ಹೊತ್ತು ಕೇಳಿಸಿಕೊಂಡೆ.

ಮುಂದಿನ ವಾರ ಸಿನಿಮಾ ಬಿಡುಗಡೆ. ನಿರ್ದೇಶಕನಿಗೆ ನೀನು ನನ್ನ ತಂಗಿ ಎಂದು ಹೇಳಿಬಿಟ್ಟೆ. ಇನ್ನು ಶಿಫಾರಸು ಅನ್ನಲು ಯಾರಿಗೂ ಬಾಯಿಲ್ಲ ತಾನೇ? ಅವನು ನನ್ನನ್ನೇ ನೋಡಿ, “ಒಡಹುಟ್ಟಿದವಳ ಡೈಲಾಗ್ ತೆಗೆದ್ರಾ? ನೀವು ಮನುಷ್ಯರೇನ್ರೀ?” ಅಂದ. ತಮಾಷೆಗೆ ಅಂದದ್ದು. ನನಗೆ ನಗು ಬರಲಿಲ್ಲ.

ಹೋಗಿ ನೋಡು. ನೋಡಿದ ಮೇಲೆ ಬೈಯಲಾದರೂ ಬರೆ.

ಅಕ್ಕ

೩ ಜುಲೈ

ಅಕ್ಕಾ,

ನೋಡಿದೆವು.

ಮಾತಿಲ್ಲ ಎಂದು ಯಾರಿಗೂ ಮೊದಲೇ ಹೇಳಲಿಲ್ಲ, ನಾಚಿಕೆಯಾಯಿತು. ಬೀದಿಯವರೆಲ್ಲ ಬಂದಿದ್ದರು. ತಂಡದವರು ಒಂದು ಸಾಲು ಹಿಡಿದಿದ್ದರು. ಅಮ್ಮನನ್ನು ಗಾಲಿಕುರ್ಚಿಯಲ್ಲಿ ಕೂರಿಸಿ, ಹಾಲಿನವನೂ ಔಷಧಿ ಅಂಗಡಿಯವರೂ ಥಿಯೇಟರಿನ ಮೆಟ್ಟಿಲ ಮೇಲೆ ಎತ್ತಿಕೊಂಡು ಬಂದರು. ನನ್ನ ಪಕ್ಕದಲ್ಲೇ ಇದ್ದಳು, ಸೀಟುಗಳ ನಡುವಿನ ದಾರಿಯಲ್ಲಿ.

ಕೊನೆಯ ಮುಖ ಬಂತು. ಥಿಯೇಟರಿನಲ್ಲಿ ಒಂದು ಕೆಮ್ಮೂ ಇಲ್ಲ. ದೀಪ ಹಾಕಿದಾಗ ಟೈಲರಮ್ಮ ಸೆರಗಿನಲ್ಲಿ ಮುಖ ಮುಚ್ಚಿಕೊಂಡು ಅಳುತ್ತಿದ್ದಳು. ಗಡ್ಡದ ಮಾಮ ನನ್ನ ಎರಡೂ ಕೈ ಹಿಡಿದು, “ಮಾತೇ ಇಲ್ದೆ ಹ್ಯಾಗೆ ಮಾಡ್ದೆ ಮಾರಾಯ್ತಿ? ಇಷ್ಟು ವರ್ಷ ಎಲ್ಲಿ ಬಚ್ಚಿಟ್ಟಿದ್ದೆ ಇದನ್ನ?” ಅಂದ. ಏನು ಹೇಳಲಿ? ನಾನು ಮಾಡಿದ್ದೆಲ್ಲ ಕಸದ ಬುಟ್ಟಿಗೆ ಹೋಯಿತು, ಮಾಡದೇ ಇದ್ದದ್ದು ಪರದೆ ಮೇಲೆ ಬಂತು ಎಂದು ಹೇಳಲೇ? ತಲೆ ಅಲ್ಲಾಡಿಸಿದೆ. ಎಲ್ಲರೂ ವಿನಯ ಅಂದುಕೊಂಡರು.

ನೀನು ಮಾಡಿದ್ದು ಸರಿ. ಇದನ್ನು ಬರೆಯಲು ಹೊಟ್ಟೆ ಉರಿಯುತ್ತದೆ, ಆದರೂ ಸರಿ. ನನ್ನ ಮಾತು ಅಲ್ಲಿದ್ದಿದ್ದರೆ ನನಗೇ ನಗು ಬರುತ್ತಿತ್ತೇನೋ.

ಯಾರ ಫೋನ್ ಎಂದು ಕೇಳಿದ್ದೆ. ಟೈಲರಮ್ಮನದು. ಅಮ್ಮ ಹಾಸಿಗೆ ಒದ್ದೆ ಮಾಡಿಕೊಂಡಿದ್ದಾಳೆ, ಯಾರನ್ನೂ ಮುಟ್ಟಲು ಬಿಡುತ್ತಿಲ್ಲ, ಚಿಕ್ಕವಳೇ ಬರಲಿ ಎಂದು ಹಟ ಹಿಡಿದಿದ್ದಾಳೆ ಅಂದಳು. ನಾನು ಒಂದು ಹಗಲಿನ ದಾರಿಯಷ್ಟು ದೂರದಲ್ಲಿ ಮುಖಕ್ಕೆ ಬಣ್ಣ ಹಚ್ಚಿಕೊಂಡು ಕೂತಿದ್ದೆ. ಫೋನ್ ಇಟ್ಟೆ. ಇಟ್ಟು ಏನು ಅಂದುಕೊಂಡೆ ಗೊತ್ತಾ ಅಕ್ಕಾ? ಇವಳು ಸತ್ತರೆ ಸಾಕಪ್ಪಾ ಅಂದುಕೊಂಡೆ. ನನ್ನಮ್ಮನ ಬಗ್ಗೆ. ಅಷ್ಟರಲ್ಲಿ ಆ ಕಡೆಯಿಂದ ಆಕ್ಷನ್ ಅಂದರು. ಅಲ್ಲೇ ಕೂತು ಮಾತು ಹೇಳಿದೆ, ಚಪ್ಪಾಳೆ ತಟ್ಟಿಸಿಕೊಂಡೆ.

ಅದನ್ನು ನೀನು ಊರಿಗೆಲ್ಲ ತೋರಿಸಿದ್ದೀಯೆ. ಗೊತ್ತಿಲ್ಲದೆ ತೋರಿಸಿದೆ, ಒಪ್ಪುತ್ತೇನೆ. ಆದರೆ ಥಿಯೇಟರಿನಲ್ಲಿ ಒಬ್ಬಳಿಗೆ ಗೊತ್ತಾಯಿತು. ನನ್ನ ಮುಖ ಅಷ್ಟು ದೊಡ್ಡದಾಗಿ ಬಂದಾಗ ಅಮ್ಮ ನನ್ನ ಮೊಣಕೈ ಹಿಡಿದು, “ಏನೇ, ಇಷ್ಟೊಂದು ಸುಸ್ತಾಗಿದ್ದೀಯಾ?” ಅಂದಳು. “ಅದು ಪಾತ್ರ ಅಮ್ಮಾ” ಅಂದೆ. “ಹೂಂ” ಅಂದಳು. ಅಂದಿನಿಂದ ಅವಳು ನನ್ನನ್ನು ಕರೆಯುತ್ತಲೇ ಇಲ್ಲ. ದಿಂಬು ಜಾರಿದರೂ ಇಲ್ಲ, ಬಾಯಾರಿದರೂ ಇಲ್ಲ. ಮೊನ್ನೆ ತಾನೇ ಎದ್ದು ನೀರು ತೆಗೆದುಕೊಳ್ಳಲು ಹೋಗಿ ಮಂಚದ ಅಂಚಿಗೆ ಜೋತಾಡುತ್ತಿದ್ದಳು. ನಾನು ನೋಡದಿದ್ದರೆ ಮತ್ತೆ ಸೊಂಟ ಮುರಿಯುತ್ತಿತ್ತು. “ಕರೀಬಾರ್ದಾ?” ಎಂದು ಕಿರುಚಿದೆ. “ನೀನು ಮಲ್ಕೋ, ನಿಂಗೆ ಸುಸ್ತು” ಅಂದಳು.

ನಿನ್ನ ಮೇಲೆ ಕೋಪ ಮೆಟ್ಟಿಲಿನ ಮಾತು ತೆಗೆದದ್ದಕ್ಕಲ್ಲ ಈಗ. ನೀನು ಆ ಮುಖ ಫೆಬ್ರವರಿಯಲ್ಲೇ ನೋಡಿದೆ. ನೋಡಿ ಮುಖ ತೊಳೆದುಕೊಂಡೆಯಂತೆ. ನಿದ್ದೆ ಮಾಡುತ್ತೀಯಾ ಎಂದು ಕೇಳಿ ಒಂದು ಸಾಲು ಬರೆದೆ. ಆಮೇಲೆ ಅದನ್ನು ಎಲ್ಲಿ ಹಾಕಿದರೆ ಚೆನ್ನಾಗಿ ಕೂರುತ್ತದೆ ಎಂದು ನೋಡಿದೆ. ಬಸ್ಸು ಹತ್ತಿ ಬರಬೇಕು ಅನ್ನಿಸಲಿಲ್ಲವೇನೇ ನಿನಗೆ?

ಗುಬ್ಬಿ

೭ ಜುಲೈ

ಗುಬ್ಬೀ,

ಭಾನುವಾರ ಕಾರು ಮಾಡಿಕೊಂಡು ಬರುತ್ತೇನೆ. ಅಮ್ಮನ ಬಟ್ಟೆ, ಔಷಧಿ, ಬೆನ್ನಿಗಿಡುವ ದಿಂಬು ಕಟ್ಟಿಡು. ಗಾಲಿಕುರ್ಚಿ ಮಡಚಿದರೆ ಹಿಂದೆ ಹಿಡಿಯುತ್ತದೆಯಂತೆ, ಡ್ರೈವರನನ್ನು ಕೇಳಿದ್ದೇನೆ. ನಾಲ್ಕು ದಿನದ ಮಾತಲ್ಲ, ಇನ್ನು ಅವಳು ನನ್ನ ಜೊತೆ ಇರಲಿ. ಕೆಲಸವನ್ನು ಮನೆಗೇ ತಂದುಕೊಂಡಿದ್ದೇನೆ.

ನಿನ್ನ ಪ್ರಶ್ನೆಗೆ ಉತ್ತರ ಬರೆಯಲು ಕೂತೆ. ಒಂದನ್ನು ಮಾತ್ರ ಹೇಳುತ್ತೇನೆ: ಆ ಮುಖವನ್ನು ನಾನು ಎಷ್ಟು ಸಲ ನೋಡಿದೆನೋ ಲೆಕ್ಕವಿಲ್ಲ, ಪ್ರತಿ ಸಲವೂ ಬರಬೇಕು ಅನ್ನಿಸಿತು. ಅನ್ನಿಸಿದ ಮೇಲೆ ಮತ್ತೊಂದು ಸಲ ನೋಡಿದೆ.

ನಾನು ಬಂದಾಗ ಅಡುಗೆ ಮಾಡಬೇಡ.

ಅಕ್ಕ

೨೫ ಆಗಸ್ಟ್

ಗುಬ್ಬೀ,

ನಾವು ಚೆನ್ನಾಗಿದ್ದೇವೆ. ನೀನು ಚಿಂತೆ ಮಾಡಬೇಡ.

ಊಟದ ಮೇಜಿನ ಮೇಲೆ ನನ್ನ ಯಂತ್ರಗಳು, ಪಕ್ಕದಲ್ಲಿ ಅಮ್ಮನ ಮಂಚ. ಮೊದಲ ವಾರ ಒಂದು ಮಾತೂ ಆಡಲಿಲ್ಲ, ಈಗ ಮತ್ತೆ ಕರೆಯಲು ಶುರುಮಾಡಿದ್ದಾಳೆ. ನನ್ನನ್ನು ಕರೆಯಲು ಅವಳಿಗೆ ಮುಲಾಜಿಲ್ಲ, ಅದೇ ಸಮಾಧಾನ. ಇಡೀ ದಿನ ನನ್ನ ಪರದೆ ನೋಡುತ್ತಾಳೆ. ನಿನ್ನೆ ಒಬ್ಬ ನಾಯಕ ಅಳುವುದನ್ನು ಜೋಡಿಸುತ್ತಿದ್ದೆ. “ಇವನು ಎಷ್ಟು ಸಲ ಅಳ್ತಾನೆ? ಒಂದ್ಸಲ ಅತ್ರೆ ನಮಗೆ ಅರ್ಥ ಆಗಲ್ವಾ?” ಅಂದಳು. ನೋಡಿದರೆ ನಿಜವೇ. ಎರಡನೆಯದನ್ನು ತೆಗೆದೆ.

ಆಮೇಲೆ, ನಿನ್ನ ಮೆಟ್ಟಿಲಿನ ಮಾತನ್ನು ತೋರಿಸು ಅಂದಳು. ತೋರಿಸಿದೆ. ನಿನ್ನ ಜೊತೆಗೇ ಬಾಯಿ ಆಡಿಸುತ್ತಾ ಪೂರ್ತಿ ಕೇಳಿದಳು. ಒಂದು ಕಡೆ ನೀನು ತಪ್ಪು ಹೇಳಿದ್ದೀಯಂತೆ.

ನಾನು ಕಾಗದ ಬರೆಯಲು ಕೂತು ಪೆನ್ನು ಹುಡುಕಿದೆ, ಕೈಯಲ್ಲೇ ಇತ್ತು. ನಗು ಬಂತು. ನೀನು ನಿದ್ದೆ ಮಾಡು. ಯಾರೋ ಹೊಸ ನಿರ್ದೇಶಕಿ ನಿನ್ನ ನಂಬರ್ ಕೇಳಿದರು, ಕೊಟ್ಟಿದ್ದೇನೆ. ಇನ್ನೂ ಬರೆಯುವುದಿತ್ತು. ಕರೆಯುತ್ತಿದ್ದಾಳೆ.

ಅಕ್ಕ

೧೪ ಸೆಪ್ಟೆಂಬರ್

ಅಕ್ಕಾ,

ಆ ನಿರ್ದೇಶಕಿ ಕರೆದಿದ್ದರು, ಹೋಗಿದ್ದೆ. ಹುಡುಗಿ ಒಳ್ಳೆಯವಳು, ನಿನ್ನ ಸಿನಿಮಾವನ್ನು ಮತ್ತೆ ಮತ್ತೆ ನೋಡಿದ್ದಾಳೆ. “ಏನೂ ಮಾಡಬೇಡಿ ಅಮ್ಮಾ, ಅದರಲ್ಲಿ ಕೂತಿದ್ರಲ್ಲ, ಹಾಗೇ ಕೂತ್ಕೊಳ್ಳಿ ಸಾಕು” ಅಂದಳು. ಒಂದು ಕುರ್ಚಿ ಹಾಕಿ ಎದುರಿಗೆ ಕ್ಯಾಮರಾ ಇಟ್ಟರು.

ಕೂತೆ. ಕುಣಿಯಲಾರದವಳು ನೆಲ ಡೊಂಕು ಅಂದಳಂತೆ. ನಾನು ಕುರ್ಚಿ ಡೊಂಕು ಅಂದೆ, ಬೇರೆ ಕುರ್ಚಿ ತಂದರು. ಬರಲೇ ಇಲ್ಲ ಅಕ್ಕಾ. ಕೆಳಗೆ ನೋಡಿದೆ, ತುಟಿ ತೆರೆದು ಮುಚ್ಚಿದೆ. ಎರಡು ತಿಂಗಳಿನಿಂದ ಮಲಗಿದರೆ ಬೆಳಗಾಗುವವರೆಗೆ ಎಚ್ಚರವಿಲ್ಲ. ಕೆನ್ನೆ ಬಂದಿದೆ. ಕಣ್ಣ ಕೆಳಗಿನ ಕಪ್ಪು ಹೋಗಿದೆ. ಆ ಹುಡುಗಿ ಪಾಪ ಎಷ್ಟೋ ಸಲ ಮಾಡಿಸಿದಳು. ಕೊನೆಗೆ, “ಆ ಮುಖ ಎಲ್ಲಿ ಹೋಯ್ತಮ್ಮಾ?” ಎಂದು ಕೇಳಿದಳು.

“ಅದು ಈಗ ನಮ್ಮಕ್ಕನ ಹತ್ರ ಇದೆ” ಅಂದೆ.

ಎಲ್ಲರೂ ನಕ್ಕರು, ನಾನೂ ನಕ್ಕೆ. ಪಾತ್ರ ಬೇರೆಯವರಿಗೆ ಹೋಗುತ್ತದೆ, ಅದು ಗೊತ್ತಾಯಿತು. ದುಃಖವಾಯಿತು, ಸುಳ್ಳು ಹೇಳುವುದಿಲ್ಲ. ಬಸ್ಸು ಹತ್ತಿ ಕಿಟಕಿ ಪಕ್ಕ ಕೂತ ಮೇಲೆ, ಆಡಿದ ಮಾತು ತಿರುಗಿ ನನ್ನ ಕಿವಿಗೇ ಬಿತ್ತು. ನಿನ್ನ ಆಗಸ್ಟಿನ ಕಾಗದ ಚೀಲದಲ್ಲಿತ್ತು. ತೆಗೆದು ಓದಿದೆ. ‘ನಾವು ಚೆನ್ನಾಗಿದ್ದೇವೆ.’ ಆ ಸಾಲನ್ನು ನಾನು ನಿನಗೆ ಬರೆಯುತ್ತಿದ್ದೆ ಅಕ್ಕಾ. ಅದರ ಅರ್ಥ ನನಗೆ ಯಾರೂ ಹೇಳಿಕೊಡಬೇಕಾಗಿಲ್ಲ. ನಿನ್ನ ಮುಖ ನೋಡಲು ನನಗೆ ಕ್ಯಾಮರಾವೂ ಬೇಡ.

ಮನೆಗೆ ಹೋಗಲಿಲ್ಲ. ನಡುವೆ ಇಳಿದು ನಿನ್ನ ಊರಿನ ಬಸ್ಸಿಗೆ ಕಾಯುತ್ತಾ, ಇಲ್ಲೇ ನಿಲ್ದಾಣದ ಬೆಂಚಿನ ಮೇಲೆ ಕೂತು ಬರೆಯುತ್ತಿದ್ದೇನೆ. ಈ ಕಾಗದವನ್ನು ಅಂಚೆಗೆ ಹಾಕುವುದಿಲ್ಲ, ಕೈಯಲ್ಲೇ ತರುತ್ತೇನೆ. ಬಾಗಿಲು ತೆಗೆದ ಕೂಡಲೇ ‘ಅಯ್ಯೋ, ಯಾಕೆ ಬಂದೆ, ನಾವು ಚೆನ್ನಾಗಿದ್ದೀವಲ್ಲ’ ಅನ್ನುತ್ತೀಯೆ. ಆಗ ಇದನ್ನು ನಿನ್ನ ಕೈಗೆ ಕೊಟ್ಟು ಅಮ್ಮನ ಹತ್ತಿರ ಹೋಗುತ್ತೇನೆ. ನೀನು ಓದಿ ಮುಗಿಸಿ, ದೀಪ ಆರಿಸಿ, ಒಳಗಿನ ಕೋಣೆಯಲ್ಲಿ ಬಾಗಿಲು ಹಾಕಿಕೊಂಡು ಮಲಗು. ಅವಳು ಕರೆದರೆ ನಾನಿದ್ದೇನೆ.

ಗುಬ್ಬಿ